ಬಾಗಿಲ ಹಿಂದಿನ ನಕ್ಷೆ

ತಡರಾತ್ರಿ ಯೋಜನಾ ಕಚೇರಿಯಲ್ಲಿ ಟಿಕ್ಕೆಂದು ಪಿನ್ನೊಂದು ನೆಲಕ್ಕೆ ಬಿತ್ತು. ಕೆಲಸ ಬಿಟ್ಟು ತಿರುಗಿ ನೋಡಿದೆ. ಸಾಹೇಬರು ಊರಿನ ಹೊಸ ನಕ್ಷೆಯನ್ನು ಬಾಗಿಲ ಹಿಂದೆ ಚುಚ್ಚುತ್ತಿದ್ದರು. ಆ ಬಾಗಿಲು ದಿನವಿಡೀ ಗೋಡೆಗೊರಗಿ ತೆರೆದೇ ಇರುತ್ತದೆ.

"ಅಲ್ಲಿ ಹಾಕಿದ್ರೆ ಜನ ನೋಡೋದು ಹೇಗೆ ಸಾರ್?"

"ಪ್ರದರ್ಶನಕ್ಕಿಡಿ ಅನ್ನುತ್ತೆ ಕಾನೂನು, ಇಟ್ಟೆ. ಕಾಣ್ಲೇಬೇಕು ಅಂತ ಎಲ್ಲಿದೆಯಮ್ಮ?" ಎಂದು ನಕ್ಕರು. "ಒಂದು ತಿಂಗಳು ಯಾರೂ ತಕರಾರು ಎತ್ತದಿದ್ರೆ ಮುಗೀತು."

ನನಗೆ ಮೈಯೆಲ್ಲ ಉರಿಯಿತು. ಮಳೆನೀರು ಇಂಗುವ ಜೌಗುನೆಲಕ್ಕೆ ಆ ನಕ್ಷೆಯಲ್ಲಿ ಮನೆಗಳ ಹಳದಿ ಬಣ್ಣ ಬಳಿಸಿದ್ದರು. ಅಲ್ಲಿ ಕಟ್ಟಡಗಳೆದ್ದರೆ ನೀರೆಲ್ಲ ಕೆಳಗಿನ ಬೀದಿಗೆ, ನನ್ನ ಅಕ್ಕನ ಅಡುಗೆಮನೆಗೆ ನುಗ್ಗುತ್ತದೆ.

ಅವರು ಹೋದ ಮೇಲೆ ನಕ್ಷೆ ಬಿಚ್ಚಿ, ಬೀದಿಗೆ ಕಾಣುವಂತೆ ಕಿಟಕಿಯ ಗಾಜಿಗೆ ಅಂಟಿಸಿದೆ.

ಬೆಳಿಗ್ಗೆ ಕಿಟಕಿಯೆದುರು ಜನ ಕಿಕ್ಕಿರಿದಿದ್ದರು.

"ನಮ್ಮನ್ನ ಮುಳುಗಿಸೋಕೆ ಬಣ್ಣ ಬೇರೆ ಬಳಿದಿದಾರೆ, ನೋಡ್ರೇ!" ಅಕ್ಕನ ದನಿಯೇ ಎಲ್ಲಕ್ಕಿಂತ ಜೋರಾಗಿತ್ತು.

ಸಾಹೇಬರು ಕೆಂಡವಾದರು. "ಯಾರ ಕೆಲಸ ಇದು?"

"ಗೊತ್ತಿಲ್ಲ ಸಾರ್. ಆದ್ರೆ ಕಾಣಬಾರದು ಅಂತ ಕಾನೂನಲ್ಲಿ ಎಲ್ಲೂ ಇಲ್ವಲ್ಲ."

ಅಕ್ಕನಿಗೂ ಹೇಳಬಾರದೆಂದು ಆಗಲೇ ನಿರ್ಧರಿಸಿದೆ. ಅವಳ ಬಾಯಲ್ಲಿ ಗುಟ್ಟು ನಿಲ್ಲದು. ಮುಂದಿನ ನಕ್ಷೆಯನ್ನೂ ಈ ಸಾಹೇಬರೇ ಚುಚ್ಚುತ್ತಾರೆ. ಆಗಲೂ ನಾನು ಇಲ್ಲಿರಬೇಕು.