ಸುವರ್ಣಾ ಅಕ್ಕೋರ ಮೊದಲಿನ ಹೆಸರು

ಮುದ್ದೇಬಿಹಾಳದಲ್ಲಿ ಯಾರ ಮನೆಯಲ್ಲಿ ಹೆಣ್ಣು ಕೂಸು ಹುಟ್ಟಿದರೂ ಜಿಲೇಬಿಯ ಪೊಟ್ಟಣ ಮೊದಲು ಹೋಗುತ್ತಿದ್ದದ್ದು ಸುವರ್ಣಾ ಅಕ್ಕೋರ ಮನೆಗೆ. ಹೈಸ್ಕೂಲಿನಲ್ಲಿ ಕನ್ನಡ ಕಲಿಸಿ ನಿವೃತ್ತರಾದ ಮೇಲೂ ಊರು ಅವರನ್ನು ಬಿಟ್ಟಿರಲಿಲ್ಲ. ಬಿಡಿಸಿಕೊಳ್ಳುವ ಮನಸ್ಸು ಅವರಿಗೂ ಇರಲಿಲ್ಲ. ಕೂಸಿನ ಅಪ್ಪ-ಅವ್ವ ಬಂದು ಕುರ್ಚಿಯ ತುದಿಗೆ ಕೂತು, "ಅಕ್ಕೋರ, ಒಂದು ಛಲೋ ಹೆಸರು ಹೇಳ್ರಿ" ಅನ್ನುತ್ತಿದ್ದರು. ಅಕ್ಕೋರು ಕನ್ನಡಕ ತೆಗೆದು ಸೆರಗಿನಿಂದ ಒರೆಸಿ, ಮತ್ತೆ ಹಾಕಿಕೊಂಡು, "ತನ್ವಿ. ತನ್ವಿ ಅಂದ್ರ ನಾಜೂಕ ಮೈಯಾಕಿ. ಸಂಸ್ಕೃತ ಮೂಲ" ಅನ್ನುತ್ತಿದ್ದರು. ಸಂಸ್ಕೃತ ಮೂಲ ಅಂದ ಮೇಲೆ ಬಂದವರು ಮರುಮಾತಾಡುತ್ತಿರಲಿಲ್ಲ. ಹೀಗಾಗಿ ಊರಿನಲ್ಲಿ ನಾಜೂಕಾಗಲಿ ಆಗದಿರಲಿ, ಓಣಿಗೊಬ್ಬಳು ತನ್ವಿ ಇದ್ದೇ ಇದ್ದಳು.

ಒಂದು ವಿಷಯದಲ್ಲಿ ಮಾತ್ರ ಅವರು ಬಹಳ ಕಟ್ಟುನಿಟ್ಟು. 'ಅವ್ವ' ಎಂದು ಮುಗಿಯುವ ಹೆಸರು ಅವರಿಗೆ ಆಗಿಬರುತ್ತಿರಲಿಲ್ಲ. ತೀರಿಕೊಂಡ ಮುದುಕಿಯ ಹೆಸರನ್ನೇ ಇಡಬೇಕೆಂದು ಯಾರಾದರೂ ಹಟ ಹಿಡಿದರೆ, ನೀಲವ್ವನನ್ನು ನೀಲಾಂಬರಿ ಮಾಡಿ, ಶಿವವ್ವನನ್ನು ಶಿವಾನಿ ಮಾಡಿ ಕಳಿಸಿಬಿಡುತ್ತಿದ್ದರು.

ಇದಕ್ಕೊಂದು ಕಾರಣವಿತ್ತು. ಹೂವಿನ ಹಿಪ್ಪರಗಿಯಲ್ಲಿ ಹುಟ್ಟಿದಾಗ ಅಕ್ಕೋರಿಗೆ ಇಟ್ಟ ಹೆಸರು ತಿಪ್ಪವ್ವ. ಹಾಜರಿ ಕೂಗುವಾಗ ಹುಡುಗರು ಮೂಗು ಹಿಡಿದುಕೊಳ್ಳುತ್ತಿದ್ದರು. ಒಮ್ಮೆ ಮಾಸ್ತರರು ಇಡೀ ತರಗತಿಗೆ ಅರ್ಥ ಬಿಡಿಸಿ ಹೇಳಿದರು: ಹುಟ್ಟಿದ ಮಕ್ಕಳು ಉಳಿಯದ ಮನೆಯಲ್ಲಿ ಕೂಸನ್ನು ತಿಪ್ಪೆಯ ಮೇಲೆ ಉರುಳಿಸಿ ಆ ಹೆಸರಿಡುತ್ತಾರೆ, ಕಸ ಅಂದುಕೊಂಡು ಸಾವು ಅದನ್ನು ಮುಟ್ಟದೆ ಹೋಗುತ್ತದೆ. ಹುಡುಗಿ ಮನೆಗೆ ಬಂದು, "ಖರೇನಾ ಅವ್ವ?" ಎಂದು ಕೇಳಿದಳು. ಅವ್ವ ಮುಖ ಬಿಗಿದುಕೊಂಡು, "ನಿಮ್ಮ ಅತ್ತೀನ್ನ ಕೇಳು ಹೋಗು" ಅಂದಳು. ಸತ್ತ ಮಕ್ಕಳ ನೆನಪಾಗಿ ಅವ್ವನಿಗೆ ಸಂಕಟವಾಯಿತೆಂದು ತಿಳಿದ ಹುಡುಗಿ ಮತ್ತೆಂದೂ ಆ ಮಾತೆತ್ತಲಿಲ್ಲ.

ಹೈಸ್ಕೂಲಿಗೆ ಸೇರಿಸಲು ಅಪ್ಪ ಅವಳನ್ನು ಬಸವನ ಬಾಗೇವಾಡಿಗೆ ಕರೆದುಕೊಂಡು ಹೋದ. ಬಸ್ ಸ್ಟ್ಯಾಂಡಿನಿಂದ ನಡೆದುಹೋಗುವಾಗ ಚಿನಿವಾರರ ಅಂಗಡಿಯೊಂದರ ಬೋರ್ಡನ್ನು ಹುಡುಗಿ ಓದಿಕೊಂಡಳು. ಹೈಸ್ಕೂಲಿನಲ್ಲಿ ಹೆಸರು ಬರೆದುಕೊಳ್ಳುವಾಗ ಗುಮಾಸ್ತರು ತಲೆಯೆತ್ತಿ ನೋಡಿದರೆ, ಅಪ್ಪ ಬಾಯಿ ತೆರೆಯುವ ಮೊದಲೇ ಹುಡುಗಿ "ಸುವರ್ಣಾ" ಅಂದಳು.

"ಹಂಗಂದ್ರ ಏನ್ರಿ?" ಎಂದು ಅಪ್ಪ ಗುಮಾಸ್ತರನ್ನೇ ಕೇಳಿದ.

"ಬಂಗಾರ."

"ಬರೀರಿ ಹಂಗಾರ," ಅಂದ ಅಪ್ಪ. ಅಕ್ಕೋರು ಇಟ್ಟ ಮೊದಲ ಹೆಸರು ಅದು.

ಆಮೇಲೆ ಹಳೆಯ ಹೆಸರು ತಾನಾಗಿಯೇ ಸವೆದುಹೋಯಿತು. ಅದನ್ನು ಬಲ್ಲ ಹಿರಿಯರು ಒಬ್ಬೊಬ್ಬರಾಗಿ ಹೋದರು. ಉಳಿದವಳು ಕೊಲ್ಹಾರದಲ್ಲಿದ್ದ ಸೋದರತ್ತೆ ಕಸ್ತೂರೆವ್ವ ಒಬ್ಬಳೇ. ಅಕ್ಕೋರ ಗಂಡ ರಾಚಪ್ಪನಿಗೂ ಗೊತ್ತಿತ್ತು, ಆದರೆ ಆತ ಬೀಜ-ಗೊಬ್ಬರದ ಅಂಗಡಿಯವನು, ಕೇಳದೆ ಏನನ್ನೂ ಹೇಳುವ ಸ್ವಭಾವದವನಲ್ಲ.

ಇಷ್ಟರಲ್ಲಿ ಅವರ ಮಗಳು ಸ್ಫೂರ್ತಿ ಬಾಣಂತನಕ್ಕೆ ತವರಿಗೆ ಬಂದಳು, ಹೆಣ್ಣು ಕೂಸು ಹೆತ್ತಳು. ಅಕ್ಕೋರು ಬಹಳ ದಿನದಿಂದ ಯಾರಿಗೂ ಕೊಡದೆ ಬಚ್ಚಿಟ್ಟಿದ್ದ ಹೆಸರೊಂದನ್ನು ಹೊರಗೆ ತೆಗೆದರು. "ಆದ್ವಿಕಾ. ಆದ್ವಿಕಾ ಅಂದ್ರ..."

"ಬ್ಯಾಡವ್ವ," ಅಂದಳು ಸ್ಫೂರ್ತಿ. "ನನಗ ಸ್ಫೂರ್ತಿ ಅಂತ ಇಟ್ಟಿ. ಆಮ್ಯಾಲೆ ಕೇಳಿದವ್ರಿಗೆಲ್ಲ ಅದನ್ನ ಹಂಚಿದಿ. ಕ್ಲಾಸಿನ್ಯಾಗ ನಾವು ಸ್ಫೂರ್ತಿಗಳು ಒಂದು ಬೆಂಚು ತುಂಬತಿದ್ವಿ. ನನ್ನ ಮಗಳಿಗೆ ಯಾರಿಗೂ ಇಲ್ಲದ ಹೆಸರು ಬೇಕು. ಹಳೀ ಕಾಲದ್ದು. ಮೊಬೈಲಿನ್ಯಾಗ ಓದೇನಿ, ಈಗ ದೊಡ್ಡ ದೊಡ್ಡ ಊರಾಗ ಅಜ್ಜಿಗೋಳ ಹೆಸರು ತಿರುಗಿ ಬರಾಕತ್ತಾವಂತ. ವಿಂಟೇಜ್ ಅಂತಾರ ಅದಕ್ಕ."

"ವಿಂಟೇಜ್ ಅಂದ್ರ?" ಎಂದು ಬಾಗಿಲಲ್ಲಿ ಚಪ್ಪಲಿ ಬಿಡುತ್ತಿದ್ದ ರಾಚಪ್ಪ ಕೇಳಿದ.

"ಹಳೇದು, ಆದ್ರ ತುಟ್ಟಿ ಅಂತ ಅಪ್ಪ."

ರಾಚಪ್ಪ ವಿಚಾರ ಮಾಡಿದ. ಯಾರೋ ಕೇಳಿದ್ದಾರೆ, ತನ್ನಲ್ಲಿ ಮಾಲು ಇದೆ, ಕೊಡದೆ ಇರುವುದು ಹೇಗೆ ಅನ್ನಿಸಿರಬೇಕು. "ಹಳೇದು ಬೇಕಂದ್ರ ನಿಮ್ಮ ಅವ್ವನ ಹಂತ್ಯಾಕನ ಐತೆಲ್ಲ ಒಂದು. ತಿಪ್ಪವ್ವ."

ಅಕ್ಕೋರು ಗಂಡನನ್ನು ನೋಡಿದ ನೋಟಕ್ಕೆ ಆತ ಬಿಟ್ಟ ಚಪ್ಪಲಿಯನ್ನು ಮತ್ತೆ ಮೆಟ್ಟಿಕೊಂಡು ಅಂಗಡಿಗೆ ಹೊರಟುಹೋದ.

ಮುಚ್ಚಿಡಲು ಇನ್ನೇನೂ ಉಳಿದಿರಲಿಲ್ಲ. ಅಕ್ಕೋರು ಮೂಗು ಹಿಡಿದ ಹುಡುಗರ ಕತೆ ಹೇಳಿದರು, ತಿಪ್ಪೆಯ ಕತೆ ಹೇಳಿದರು. ಇಷ್ಟು ಕೇಳಿದ ಮೇಲೆ ಮಗಳು ಈ ಹುಚ್ಚು ಬಿಡುತ್ತಾಳೆಂದು ಅವರ ಎಣಿಕೆ. ಸ್ಫೂರ್ತಿಯ ಕಣ್ಣಲ್ಲಿ ನೀರು ಬಂತು.

"ಅವ್ವ, ಸಾವಿಗೆ ಟೋಪಿ ಹಾಕಿದ ಹೆಸರದು. ಇಷ್ಟು ದೊಡ್ಡ ಅರ್ಥ ಇಟಗೊಂಡು ಊರಿಗೆಲ್ಲ ತನ್ವಿ ಹಂಚಕೋತ ಕೂತಿದ್ದೇನು ನೀನು?"

"ತಿಪ್ಪಿ ಅಂದ್ರ ಕಸ ಒಗಿಯೋ ಜಾಗ ಸ್ಫೂರ್ತಿ."

"ಅಪ್ಪನ ಅಂಗಡ್ಯಾಗ ಅದನ್ನ ಚೀಲದಾಗ ತುಂಬಿ ಮಾರತಾರ. ಸಾವಯವ ಅಂತ ಬರದಿರತಾರ ಮ್ಯಾಲೆ."

ಸಂಜೆಯೊಳಗೆ ಸಿಂದಗಿಯಲ್ಲಿ ದನದ ಡಾಕ್ಟರಾಗಿದ್ದ ಅಳಿಯ ಚೇತನಕುಮಾರನಿಗೂ ಫೋನು ಹೋಯಿತು. ಹೆಂಡತಿಯ ಮಾತಿಗೆ ಎದುರಾಡದೆ ಸಂಸಾರ ನಡೆಸಿಕೊಂಡು ಬಂದವನು ಆತ. ಭಾಳ ಯುನಿಕ್ ಐತಿ ಅಂದ. ಇಂಡಿಯಲ್ಲಿದ್ದ ಬೀಗತಿ ಕತೆ ಕೇಳಿ ಫೋನಿನಲ್ಲೇ ಅತ್ತಳು. ಮಣ್ಣಿನ ಹಣತೆ, ಮಾವಿನ ತೋರಣದ ನಡುವೆ 'ತಿಪ್ಪವ್ವ' ಎಂಬ ಅಕ್ಷರಗಳು ನಿಧಾನವಾಗಿ ಮೂಡುವ ಆಮಂತ್ರಣದ ವಿಡಿಯೋ ತಯಾರಾಗಿ, ನಾಲ್ಕಾರು ತಾಲೂಕಿನ ಬಂಧುಗಳ ಮೊಬೈಲು ಸೇರಿತು.

ಅಕ್ಕೋರು ಊಟ ಬಿಟ್ಟು ನೋಡಿದರು. ಮಾತು ಬಿಟ್ಟು ನೋಡಿದರು. ಕೊನೆಗೆ ಅವರನ್ನು ಕರಗಿಸಿದ್ದು ಓಣಿ. ಎದುರು ಮನೆಯ ಹುಮಾ, ಅಕ್ಕೋರ ಹಳೆಯ ವಿದ್ಯಾರ್ಥಿನಿ, ಈಗ ತಾನೂ ಸಾಲಿ ಟೀಚರು, ವಿಡಿಯೋ ನೋಡಿ ಓಡಿಬಂದು ಅವರ ಎರಡೂ ಕೈ ಹಿಡಿದುಕೊಂಡಳು. "ಇಷ್ಟು ದೊಡ್ಡ ಸಂಕಟದಾಗಿಂದ ಬಂದೀರಿ, ಒಂದು ದಿನಾನೂ ಹೇಳಿಲ್ಲಲ್ರಿ ಅಕ್ಕೋರ." ಕಾಯಿಪಲ್ಲೆ ಕೊಳ್ಳಲು ಹೋದರೆ ಹೆಂಗಸರು ಜಾಗ ಬಿಟ್ಟುಕೊಟ್ಟರು. ತನ್ವಿಯ ಅವ್ವನೊಬ್ಬಳು ಮಗಳನ್ನು ಎಳೆತಂದು ಅವರ ಕಾಲಿಗೆ ಬೀಳಿಸಿದಳು. ಸಾವಿನ ಕೈ ತಪ್ಪಿಸಿಕೊಂಡು ಬಂದವರ ಹಾಗೆ ಜನ ತಮ್ಮನ್ನು ನೋಡುವುದು ಅಕ್ಕೋರಿಗೆ ಮೊದಲು ಮುಜುಗರವಾಯಿತು, ಆಮೇಲೆ ಸಹಿಸುವಂತಾಯಿತು, ಆಮೇಲೆ ಹಿತವಾಯಿತು. ಯಾರಾದರೂ ಕೇಳಿದರೆ, "ನನಗಿಂತ ಮೊದಲ ಮೂರು ಹೋಗಿದ್ವು" ಎಂದು ತಗ್ಗಿದ ದನಿಯಲ್ಲಿ ಹೇಳತೊಡಗಿದರು. ಮೂರು ಎಂಬುದು ಎಲ್ಲಿಂದ ಬಂತೋ ಅವರಿಗೇ ತಿಳಿಯದು.

ತೊಟ್ಟಿಲಿಗೆ ಹಾಕುವ ಹಿಂದಿನ ದಿನ ಕೊಲ್ಹಾರದಿಂದ ಕಸ್ತೂರೆವ್ವ ಬಂದಳು. ಬಸ್ಸಿನಿಂದ ಇಳಿದಾಗ ಬಗಲಲ್ಲಿ ಒಂದು ಕೌದಿಯ ಗಂಟು ಬಿಟ್ಟರೆ ಬೇರೇನೂ ಇರಲಿಲ್ಲ. ಎಂಬತ್ತರ ಹತ್ತಿರದ ಮುದುಕಿ, ಕಿವಿ ಚುರುಕು, ನಾಲಿಗೆ ಅದಕ್ಕಿಂತ ಚುರುಕು. ಪಡಸಾಲೆಯಲ್ಲಿ ಕೂಡಿಸಿ, ಚಹಾ ಕೊಟ್ಟು, ಸ್ಫೂರ್ತಿ ವಿಡಿಯೋ ತೋರಿಸಿದಳು. ಆಮೇಲೆ ಮೊಬೈಲಿನ ಕ್ಯಾಮೆರಾ ಹಚ್ಚಿ, "ಅಜ್ಜಿ, ಅವ್ವನ್ನ ತಿಪ್ಪಿ ಮ್ಯಾಲೆ ಉರುಳಿಸಿದ್ದು ನೀ ನೋಡಿಯಲ್ಲ, ಅದನ್ನ ಹೇಳು" ಅಂದಳು.

"ಯಾರನ್ನ ಉರುಳಿಸಿದ್ರು?"

"ಅವ್ವನ್ನ. ಮೊದಲಿನ ಮಕ್ಕಳು ಹೋಗಿದ್ವಲ್ಲ."

"ಯಾವ ಮಕ್ಕಳು ಹೋಗಿದ್ವು? ಇಕಿನ ಚೊಚ್ಚಲ," ಅಂದಳು ಕಸ್ತೂರೆವ್ವ ಬಸಿಯಲ್ಲಿ ಚಹಾ ಹೊಯ್ದುಕೊಳ್ಳುತ್ತ. "ತಿಪ್ಪವ್ವ ಅನ್ನೂದು ನಮ್ಮ ಎಮ್ಮಿ ಹೆಸರು."

ಸ್ಫೂರ್ತಿ ಕ್ಯಾಮೆರಾ ಬಂದ್ ಮಾಡುವುದನ್ನು ಮರೆತಳು. ಮುದುಕಿ ಮುಂದುವರಿಸಿದಳು.

"ತಿಪ್ಪಿ ಮಗ್ಗಲಾಗ ಹುಟ್ಟಿತ್ತು, ಅದಕ್ಕ ಆ ಹೆಸರು. ಬೆನ್ನಮಟ ಕೋಡು. ಎರಡೂ ಹೊತ್ತು ಗಡಿಗಿ ತುಂಬ ಹಾಲು. ನಮ್ಮಪ್ಪಗ ನಾವು ಮಕ್ಕಳು ಒಂದ ಕಡಿ, ಆ ಎಮ್ಮಿ ಒಂದ ಕಡಿ. ನಿಮ್ಮವ್ವ ಹುಟ್ಟಿದ ವಾರದಾಗ ಅದು ಹೊಟ್ಟಿ ಉಬ್ಬಿ ಸತ್ತಿತು. ನಮ್ಮಪ್ಪ ದನದ ಕೊಟ್ಟಿಗ್ಯಾಗ ಹೋಗಿ ಕೂತ. ರೊಟ್ಟಿ ಮುಟ್ಟಲಿಲ್ಲ, ಯಾರ ಕೂಡ ಮಾತಾಡಲಿಲ್ಲ. ಮೊಮ್ಮಗಳನ್ನ ನೋಡಾಕೂ ಬರಲಿಲ್ಲ. ತೊಟ್ಟಿಲಕ್ಕ ಹಾಕೂ ದಿನ ಸೋದರತ್ತಿ ಅಂತ ನಾ ಹೆಸರು ಕರೀಬೇಕು. ನಮ್ಮ ವೈನಿ, ಕೂಸಿನ ಅವ್ವ, ಮೊದಲ ಹೇಳಿಟ್ಟಿದ್ಲು, ಸುಲೋಚನಾ ಅಂತ ಕರಿ ಅಂತ. ತೊಟ್ಟಿಲಾಗ ಬಗ್ಗೇನಿ, ಕಿಡಕಿಯಾಗಿಂದ ನಮ್ಮಪ್ಪ ಕಂಡ, ಎಮ್ಮಿ ಮೇವು ತಿನ್ನೂ ಖಾಲಿ ಗ್ವಾದ್ಲಿ ಮುಂದ ಕುಂತಾನ. ನನ್ನ ಬಾಯಾಗ ತಿಪ್ಪವ್ವ ಅಂತ ಬಂತು. ಜೋರಾಗಿ ಕರದೆ."

"ಆಮ್ಯಾಲೆ?" ಅಂದರು ಅಕ್ಕೋರು.

"ಆಮ್ಯಾಲೇನು. ಕರದದ್ದನ್ನ ಕೇಳಿ ನಮ್ಮಪ್ಪ ಎದ್ದು ಬಂದ. ನಿನ್ನ ಎತ್ತಿಗೊಂಡ. ಮುಖಾ ನೋಡಿದ, ನೋಡಿದ, ಕಡೀಕ ರೊಟ್ಟಿ ಕೊಡ್ರಿ ಅಂದ. ನಿಮ್ಮವ್ವ ಮಾತ್ರ ಸಾಯೂತನಕ ನನ್ನ ಕೂಡ ಮನಸ ಬಿಚ್ಚಿ ಮಾತಾಡಲಿಲ್ಲ."

ಅದೇ ಆಗ ಸಿಂದಗಿಯಿಂದ ಬಂದು ಬಾಗಿಲಲ್ಲಿ ನಿಂತು ಎಲ್ಲ ಕೇಳಿಸಿಕೊಂಡಿದ್ದ ಚೇತನಕುಮಾರ ಗಂಭೀರವಾಗಿ, "ಬೆನ್ನಮಟ ಕೋಡು ಅಂದ್ರ ಪಂಢರಪುರಿ ತಳಿ ಇರಬೇಕ್ರಿ" ಅಂದ. ಸ್ಫೂರ್ತಿ ಮೊಬೈಲನ್ನು ಹಾಸಿಗೆಯ ಮೇಲೆ ಒಗೆದು ಒಳಗೆ ಹೋದಳು.

ಹೋದವಳು ತಾಸು ಹೊತ್ತಿನ ಮೇಲೆ ಹೊರಗೆ ಬಂದು ತೀರ್ಮಾನ ಹೇಳಿದಳು. "ನನ್ನ ಮಗಳಿಗೆ ಎಮ್ಮಿ ಹೆಸರು ಬ್ಯಾಡ."

"ಯಾಕ ಬ್ಯಾಡ?" ಅಂದರು ಅಕ್ಕೋರು.

ಈ ಪ್ರಶ್ನೆ ತಮ್ಮ ಬಾಯಿಂದಲೇ ಬಂದದ್ದು ಅವರಿಗೂ ಆಶ್ಚರ್ಯ. ಆ ಒಂದು ತಾಸು ಅವರು ಪಡಸಾಲೆಯಲ್ಲೇ ಕೂತಿದ್ದರು. ಅಜ್ಜ ಅವರನ್ನು ಹೆಗಲ ಮೇಲೆ ಹೊತ್ತು ಹೊಲಕ್ಕೆ ಹೋಗುತ್ತಿದ್ದದ್ದು ನೆನಪಾಗಿತ್ತು. ಸಂಜೆ ಅಂಗಳದಲ್ಲಿ ಆಡುತ್ತಿದ್ದ ಅವರನ್ನು ಅಜ್ಜ "ತಿಪ್ಪವ್ವ, ಬಾ, ಬಾ, ಬಾ" ಎಂದು ನಾಲಿಗೆ ಲೊಚಗುಟ್ಟಿ ಕರೆಯುತ್ತಿದ್ದ. ಆ ಲೊಚಗುಟ್ಟುವುದು ಯಾಕೆಂದು ಈಗ ತಿಳಿಯಿತು. ತಾವು ಹತ್ತಿರ ಓಡಿಹೋದರೆ ಬೆನ್ನು ಚಪ್ಪರಿಸುತ್ತಿದ್ದದ್ದು ಯಾಕೆಂದೂ. ಅವರಿಗೆ ನಗು ಬಂತು, ನಗುವಿನ ಹಿಂದೆಯೇ ಇನ್ನೊಂದೇನೋ ಬಂತು, ಕನ್ನಡಕ ತೆಗೆಯಬೇಕಾಯಿತು. ತಮ್ಮನ್ನು ಕಸ ಎಂದಾಗಲಿ, ಸಾವಿನಿಂದ ಬಚ್ಚಿಟ್ಟ ವಸ್ತು ಎಂದಾಗಲಿ ಯಾರೂ ಕರೆದಿರಲಿಲ್ಲ. ಮನುಷ್ಯನೊಬ್ಬ ತನಗೆ ಎಲ್ಲಕ್ಕಿಂತ ಪ್ರೀತಿಯದಾದದ್ದರ ಹೆಸರಿನಿಂದ ಕರೆದಿದ್ದ. ಅದು ಎಮ್ಮೆಯಾಗಿತ್ತು, ಅಷ್ಟೇ.

"ಎಮ್ಮಿ ಅಂದ್ರ ಏನು ಕಡಿಮಿ?" ಅಂದರು ಮಗಳಿಗೆ. "ಎರಡೂ ಹೊತ್ತು ಗಡಿಗಿ ತುಂಬ ಹಾಲು ಕೊಡತಿತ್ತಂತ. ತನ್ವಿ ಏನು ಕೊಟ್ಟಾಳ?"

"ನೀನ ಬ್ಯಾಡ ಅಂದಿದ್ದಿ ಅವ್ವ."

"ಅರ್ಥ ಗೊತ್ತಿದ್ದಿಲ್ಲ ಆವಾಗ."

"ಈಗ ಗೊತ್ತಾತಲ್ಲ, ಅದಕ್ಕ ನಾ ಬ್ಯಾಡ ಅನ್ನಾಕತ್ತೇನಿ."

ರಾಚಪ್ಪ ನಡುವೆ ಬರಲಿಲ್ಲ. ಹಿಂದಿನ ಸಲ ಬಂದು ಆದದ್ದು ಸಾಕಾಗಿತ್ತು. ಕೊನೆಗೆ ಸ್ಫೂರ್ತಿ ಮೊಬೈಲು ಎತ್ತಿಕೊಂಡು ಹುಡುಕಿ, ತಲೆಯೆತ್ತದೆ, "ಅಜ್ಜಿ ಇನ್ನೊಂದು ಹೇಳಿದ್ಲಲ್ಲ, ಸುಲೋಚನಾ. ಅದೂ ಹಳೇದ ಐತಿ. ನನ್ನ ಬಳಗದಾಗ ಯಾರಿಗೂ ಇಲ್ಲ" ಅಂದಳು.

"ಚೆಂದ ಕಣ್ಣಿನಾಕಿ," ಅಂದರು ಅಕ್ಕೋರು ರೂಢಿಯಿಂದ. ಸಂಸ್ಕೃತ ಮೂಲ ಅನ್ನಲು ಹೋಗಿ ಸುಮ್ಮನಾದರು. ತಮಗೆ ಸಿಗಬೇಕಾಗಿದ್ದ ಹೆಸರು ಅದು. ಸಿಕ್ಕಿದ್ದರೆ ಮೂಗು ಹಿಡಿಯುವವರಿರುತ್ತಿರಲಿಲ್ಲ, ಚಿನಿವಾರನ ಬೋರ್ಡು ಓದಬೇಕಾಗಿರಲಿಲ್ಲ. ಆದರೂ ಅದರ ಮೇಲೆ ಅವರಿಗೆ ಆಸೆ ಹುಟ್ಟಲಿಲ್ಲ. ಮನೆಯವರೇ ಊರು ಬಿಟ್ಟು ಹೋದ ಮೇಲೆ ಬಂದ ನೆಂಟರ ಹಾಗಿತ್ತು ಅದು.

ಮರುದಿನ ಇಂಡಿಯಿಂದ ಬಂದ ಚೇತನಕುಮಾರನ ಅಕ್ಕ ದಾನೇಶ್ವರಿ ತೊಟ್ಟಿಲಿಗೆ ಬಗ್ಗಿ, ಹೆಂಗಸರು ಪದ್ಧತಿಯಂತೆ ಅವಳ ಬೆನ್ನು ಗುದ್ದುತ್ತಿರುವಾಗ, "ಸುಲೋಚನಾ" ಎಂದು ಕರೆದಳು. ವಿಡಿಯೋ ನೋಡಿ ಬಂದಿದ್ದ ಬಂಧುಗಳು ಒಬ್ಬರ ಮುಖ ಒಬ್ಬರು ನೋಡಿಕೊಂಡರು. ತಿಪ್ಪೆಯ ಕತೆಗೆ ಫೋನಿನಲ್ಲಿ ಅತ್ತಿದ್ದ ಬೀಗತಿಗಂತೂ ಯಾರೋ ತನಗೆ ಮೋಸ ಮಾಡಿದಂತಾಯಿತು, ಹೋಳಿಗೆ ಒಂದಕ್ಕಿಂತ ಹೆಚ್ಚು ಮುಟ್ಟಲಿಲ್ಲ. ಸ್ಫೂರ್ತಿ ಕೇಳಿದವರಿಗೆಲ್ಲ, "ಮನೀ ಹಿರೇರು ಆರಿಸಿದ್ದು" ಅಂದಳು. ಕಸ್ತೂರೆವ್ವ ತನ್ನ ಕೌದಿಯನ್ನು ಕೂಸಿನ ಕೆಳಗೆ ಹಾಸಿ, "ಈ ಸಲ ನಮ್ಮ ವೈನಿ ಮಾತು ನಡೀತು ಬಿಡು" ಎಂದು ಯಾರಿಗೂ ಅಲ್ಲದೆ ಹೇಳಿ, ಸಂಜೆಯ ಬಸ್ಸಿಗೆ ಕೊಲ್ಹಾರಕ್ಕೆ ಹೋದಳು.

ಎಲ್ಲರೂ ಹೋದ ಮೇಲೆ ಮನೆ ತನ್ನ ನಡೆಗೆ ಬಂತು. ಕೂಸಿಗೆ ಎರೆಯುವ ಕೆಲಸ ಅಕ್ಕೋರದು. ಬಚ್ಚಲಲ್ಲಿ ಕಾಲು ಚಾಚಿ ಕೂತು, ಕೂಸನ್ನು ಕಾಲ ಮೇಲೆ ಬೋರಲು ಹಾಕಿಕೊಂಡು, ಎಣ್ಣೆ ಹಚ್ಚಿ ತೀಡುವಾಗ ಅದು ಕೈಕಾಲು ಬಡಿದು ಅಳುತ್ತಿತ್ತು. "ಸುಲೋಚನಾ" ಅಂದರೆ ಅಳು ಹೆಚ್ಚುತ್ತಿತ್ತು. ಒಂದು ಬೆಳಿಗ್ಗೆ ಸ್ಫೂರ್ತಿ ಟವೆಲು ತರುವಾಗ ಬಚ್ಚಲ ಬಾಗಿಲ ಹತ್ತಿರ ತಡೆದು ನಿಂತಳು. ಒಳಗೆ ನೀರಿನ ಸಪ್ಪಳದ ನಡುವೆ ಅವ್ವ ನಾಲಿಗೆ ಲೊಚಗುಟ್ಟಿ, ಬೆನ್ನು ಚಪ್ಪರಿಸಿ, ಸಣ್ಣ ದನಿಯಲ್ಲಿ ಏನೋ ಕರೆಯುತ್ತಿದ್ದರು. ಕೂಸು ಅಳು ನಿಲ್ಲಿಸಿತ್ತು.

"ಏನಂತ ಕರದಿ ಅವ್ವ?"

"ಏನಿಲ್ಲ. ನೀರು ಬಿಸಿ ಐತಿ ಅಂದೆ," ಅಂದರು ಅಕ್ಕೋರು. "ಟವೆಲ್ ಕೊಡು ಇಲ್ಲೆ."