ಹೊಳೆಗೆ ಹೋಗುವ ಹಾದಿ

ದಾವಣಗೆರೆ ಕೋರ್ಟಿನಿಂದ ಮೈಲಮ್ಮ ಅಪೀಲು ವಾಪಸ್ ತೆಗೆದುಕೊಂಡಳೆಂಬ ಸುದ್ದಿ ಅವಳಿಗಿಂತ ಮೊದಲೇ ಅವಳ ಊರು ಹಲವಾಗಲು ಮುಟ್ಟಿತ್ತು. ಬಸ್ಸಿಳಿಯುತ್ತಿದ್ದಂತೆ, ಕಟ್ಟೆಯ ಮೇಲೆ ಕೂತಿದ್ದ ಪಾಲಾಕ್ಷಪ್ಪ ಗೌಡರು ಅವಳಿಗೆ ಕೇಳಲೆಂದೇ, "ಸೋತಾಳ, ಪಾಪ. ಸುಮ್ನಿರ್ರಿ" ಎಂದರು. ಆ 'ಪಾಪ'ಕ್ಕೆ ಅವಳ ಮೈಯೆಲ್ಲ ಉರಿಯಿತು.

ಹೊಳೆಗೆ ಕುರಿ ಹೊಡೆದುಕೊಂಡು ಹೋಗುವ ಹಾದಿ ಗೌಡರ ಹೊಲದ ಅಂಚಿನಲ್ಲಿತ್ತು. ಗೌಡರು ಅದಕ್ಕೆ ಜಾಲಿಮುಳ್ಳು ಬಡಿಸಿ, ಇಲ್ಲಿ ಹಾದಿಯೇ ಇರಲಿಲ್ಲ ಎಂದುಬಿಟ್ಟಿದ್ದರು. ಸುತ್ತುಬಳಸಿ ಹೊಳೆ ಮುಟ್ಟುವಷ್ಟರಲ್ಲಿ ಮರಿಗಳು ನೀರಡಿಸಿ ಬೀಳುತ್ತಿದ್ದವು. ಇನ್ನೊಂದು ಬೇಸಿಗೆ ಹೀಗೇ ಆದರೆ ಹಿಂಡನ್ನೇ ಮಾರಬೇಕು. ಮೈಲಮ್ಮ ಹಾಕಿದ ಕೇಸಿನಲ್ಲಿ ಕೆಳಗಿನ ಕೋರ್ಟು ಪುರಾವೆಗೆ ಕಾಗದ ಕೇಳಿತು, ಇರಲಿಲ್ಲ, ಕೇಸು ಬಿತ್ತು. ಮೇಲಿನ ಕೋರ್ಟಿನಲ್ಲಿ ಬರೀ ವಾಯಿದೆ.

ಕೊನೆಗೆ ವಕೀಲ ಸೋಮಶೇಖರ್, "ಹಾದಿ ಬಿಡಿಸೋ ಅಧಿಕಾರ ತಹಶೀಲ್ದಾರ್ರಿಗೂ ಐತಿ. ಜಡ್ಜ್ ಸಾಹೇಬ್ರ ಪರವಾನಿಗಿ ತಗೊಂಡು ಅಪೀಲು ಹಿಂದಕ್ಕ ತಗದು, ಅಲ್ಲಿ ಅರ್ಜಿ ಹಾಕೋಣು" ಎಂದಿದ್ದ.

"ಅವರು ಹೊಲಕ್ಕ ಬಂದು ನೋಡ್ತಾರೇನ್ರಿ?"

"ನೋಡ್ಲೇಬೇಕು."

"ಹಂಗಾದ್ರ ತಗೀರಿ."

"ಊರಾಗ ತಲಿ ಎತ್ತಂಗಿಲ್ಲದಂಗ ಮಾಡಿದಿ" ಎಂದು ಅವಳು ಮನೆ ಸೇರಿದಾಗ ಗಂಡ ಯರ್ರಿಸ್ವಾಮಿ ಗೊಣಗಿದ.

"ತಲಿ ನಾ ಎತ್ತತೀನಿ. ನೀ ಕುರಿ ನೋಡ್ಕ."

ತಹಶೀಲ್ದಾರರು ಬಂದ ದಿನ ಅರ್ಧ ಊರು ಹೊಲದಲ್ಲಿತ್ತು. ಗೆದ್ದೆನೆಂಬ ಗುಂಗಿನಲ್ಲಿ ಗೌಡರ ನಾಲಿಗೆ ಸಡಿಲಾಗಿತ್ತು. ಕೋರ್ಟಿನಲ್ಲಾದರೆ ಅವರ ಪರವಾಗಿ ವಕೀಲರು ಅಳೆದು ತೂಗಿ ಮಾತಾಡುತ್ತಿದ್ದರು. ಇಲ್ಲಿ ಅವರೇ ಮಾತಾಡಬೇಕು, ಮಾತಾಡುವ ಚಪಲವೂ ಅವರಿಗೆ ಕಮ್ಮಿಯಿರಲಿಲ್ಲ. ಆಳೆತ್ತರದ ಬಿಳಿಜೋಳ ನೋಡಿ ತಹಶೀಲ್ದಾರರು, "ಏನು ಗೊಬ್ಬರ ಹಾಕ್ತೀರಿ?" ಎಂದರು.

"ಅಂಗಡಿ ಗೊಬ್ಬರ ಎಲ್ಲೀದ್ರಿ ಸಾಹೇಬ್ರ. ನಮ್ಮಜ್ಜನ ಕಾಲದಿಂದ ಈ ಹೊಲದಾಗ ಕುರಿ ತರುಬಿಸಿವಿ. ಹಿಕ್ಕಿ ತಿಂದ ಮಣ್ಣು ಇದು."

ರಾತ್ರಿ ಹೊಲದಲ್ಲಿ ಹಿಂಡು ತರುಬಿ ನಿಲ್ಲಿಸುವುದು, ಬಿದ್ದ ಹಿಕ್ಕೆಗೆ ಬದಲಾಗಿ ಕುರಿಯವರಿಗೆ ಜೋಳ ಅಳೆಯುವುದು ಆ ಸೀಮೆಯ ರೂಢಿ. ಯಾರ ಹೊಲದಲ್ಲಿ ಎಷ್ಟು ದೊಡ್ಡ ಹಿಂಡು ನಿಂತಿತೆಂಬುದೇ ಗೌಡಿಕೆಯವರ ಜಂಬ.

ಮೈಲಮ್ಮ ಸೆರಗು ಸಿಕ್ಕಿಸಿ ಮುಂದೆ ಬಂದಳು.

"ಸಾಹೇಬ್ರ, ಇವರನ್ನ ಒಂದು ಮಾತು ಕೇಳ್ರಿ. ಈ ಎರಡೂ ಕಡಿ ಮಂದಿ ತೋಟ, ಆ ಕಡಿ ಹೊಳಿ, ಊರ ಕಡಿಂದ ಬರಾಕ ಈ ಅಂಚೊಂದ. ಅಷ್ಟು ಕುರಿ ಇವರ ಹೊಲಕ್ಕ ಯಾವ ಹಾದೀಲೆ ಬರ್ತಿದ್ವು?"

ಅಷ್ಟು ವರ್ಷ ಸಾಕ್ಷಿ ಹೇಳಲು ಹೆದರಿದ್ದ ಪಕ್ಕದ ತೋಟದ ಚೌಡಣ್ಣ ನೆಲ ನೋಡುತ್ತ, "ಮುಳ್ಳು ಬಡಿದಾರಲ್ರಿ, ಇದ ಹಾದೀಲೆ" ಎಂದ. ತಹಶೀಲ್ದಾರರು ಇಬ್ಬರ ಹೇಳಿಕೆಯನ್ನೂ ಅಲ್ಲೇ ಬರೆಸಿಕೊಂಡರು.

ಆದೇಶ ಬಂದ ದಿನ ಗೌಡರ ಆಳುಗಳೇ ಮುಳ್ಳು ಎಳೆದುಹಾಕಿದರು. ಹಿಂಡು ಹೊಳೆಯತ್ತ ನುಗ್ಗಿತು. ಮೈಲಮ್ಮನಿಗೆ ಕಣ್ಣು ತುಂಬಿ ಬಂತು, ಒರೆಸಿಕೊಳ್ಳಲಿಲ್ಲ. ಗೌಡರು ಹತ್ತಿರ ಬಂದು ದನಿ ತಗ್ಗಿಸಿದರು.

"ಆದದ್ದಾತು ಬಿಡು, ಮೈಲವ್ವ. ಸುಗ್ಗಿ ಮುಗೀಲಿ, ನಿನ್ನ ಹಿಂಡು ಇಲ್ಲೇ ತರುಬು. ಜೋಳ ಜಾಸ್ತೀನ ಅಳಸ್ತೀನಿ."

"ಗೌಡ್ರ, ಈ ಹಾದೀಲೆ ದಿನಾ ಹೋಗ್ತೀವಿ, ದಿನಾ ಬರ್ತೀವಿ" ಎಂದಳು ಮೈಲಮ್ಮ. "ನಿಮ್ಮ ಹೊಲದಾಗ ಮಾತ್ರ ನಮ್ಮ ಕುರಿ ಇನ್ನ ನಿಲ್ಲಂಗಿಲ್ಲ."