ವಾಶರ್ ಅಮೋಘಪ್ಪ

ರೇವಣ ಇನ್ನೊಂದು ತಂಬಿಗೆ ಬಿಸಿನೀರು ಸುರಿದು, ಹಲಗೆಯ ಮೇಲೆ ಒರಗಿಸಿದ್ದ ಅಣ್ಣನ ಬಲಗೈ ಎತ್ತಿಕೊಂಡು ಬೆರಳುಗಳನ್ನು ಒಂದೊಂದಾಗಿ ತಿಕ್ಕತೊಡಗಿದ. ತಿಕ್ಕಿ ತೆಗೆಯಲು ಅಲ್ಲೇನೂ ಇರಲಿಲ್ಲ. ಉಗುರುಗಳು ಬೆಳ್ಳಗಿದ್ದವು. ಅಂಗೈ ನೀರಿನಲ್ಲಿ ನೆನೆದು ನೆನೆದು ಸುಕ್ಕುಗಟ್ಟಿ ಬಿರುಕು ಬಿಟ್ಟಿತ್ತು.

"ಇದೇನು ಮಿಸ್ತ್ರಿ ಕೈಯೇನು?" ಎಂದು ರೇವಣ ತನ್ನಷ್ಟಕ್ಕೆ ಗೊಣಗಿದ. "ಇವನ ಮದುವ್ಯಾಗ ಅರಿಷಿಣ ಹಚ್ಚೋ ಮುಂದ ಸೀಮೆಎಣ್ಣಿ ಹಾಕಿ ತಿಕ್ಕಿದಾಂವ ನಾನೇ. ಏನ್ ಮಾಡಿದ್ರೂ ಉಗುರಾಗಿನ ಕಪ್ಪು ಹೋಗಿರಲಿಲ್ಲ."

"ಒಂಬತ್ತು ವರ್ಷ ನೀರಾಗ ನಿಂತಾರ ಕಾಕಾ. ಕಪ್ಪು ಎಲ್ಲಿಂದ ಬರ್ಬೇಕು?" ಎಂದಳು ಮಲ್ಲಿಕಾ, ಕೊಡ ಕೆಳಗಿಡುತ್ತ.

ಸತ್ತವನು ಅವಳ ಅಪ್ಪ. ನಿನ್ನೆ ಮಧ್ಯಾಹ್ನ ಕಲಬುರಗಿಯ ಕಪನೂರಿನ ಗ್ಯಾರೇಜಿನಲ್ಲಿ ಯಾರದೋ ಕಾರು ತೊಳೆಯುತ್ತಿದ್ದವನು ನೀರಿನ ಪೈಪು ಹಿಡಿದುಕೊಂಡೇ ಕುಸಿದು ಕೂತಿದ್ದ. ಮತ್ತೆ ಏಳಲಿಲ್ಲ. ಬೆಳಿಗ್ಗೆ ಅವನನ್ನು ಹುಟ್ಟೂರು ಕಮಲಾಪುರಕ್ಕೆ ತಂದಿದ್ದರು. ತಂದದ್ದು ಹೆಂಡತಿ ಚಂದಮ್ಮನ ತಮ್ಮ, ಮಲ್ಲಿಕಾಳ ಸೋದರಮಾವ ಮಾಳಿಂಗ, ತನ್ನದೇ ವ್ಯಾನಿನಲ್ಲಿ. ವ್ಯಾನಿನ ಎರಡೂ ಮಗ್ಗುಲಿಗೆ 'ಮಾಳಿಂಗ ಆಟೊ ವರ್ಕ್ಸ್' ಎಂದು ಕೆಂಪು ಅಕ್ಷರದಲ್ಲಿ ಬರೆಸಿತ್ತು. ಸಾವಿನ ಮನೆಯ ಮುಂದೆ ಅದನ್ನು ಓದದೆ ಒಳಗೆ ಬರುವುದು ಯಾರಿಗೂ ಸಾಧ್ಯವಿರಲಿಲ್ಲ.

"ದಾರ್ಯಾಗ ಎಲ್ಲೂ ತ್ರಾಸ ಆಗಬಾರ್ದಂತ ನಿನ್ನಿ ಸಂಜಿಗೆ ನಾನೇ ಕೆಳಗ ಮಲಗಿ ಆಯಿಲ್ ಬದಲಿ ಮಾಡೀನಿ," ಎಂದು ಮಾಳಿಂಗ ಬೇವಿನ ಕೆಳಗೆ ಕೂತವರಿಗೆ ಹೇಳುತ್ತಿದ್ದ. "ನಮ್ಮ ಮಾವನ ಸಲುವಾಗಿ ಅಷ್ಟೂ ಮಾಡಬಾರದೇನ್ರೀ?"

ಕೂತವರು ತಲೆದೂಗಿದರು. ಅಷ್ಟರಲ್ಲಿ ಸೈಕಲ್ ಮೇಲೆ ಹೋಗುತ್ತಿದ್ದ ಒಬ್ಬ ಕಾಲು ಊರಿ ನಿಂತ.

"ಯಾರ ಮಣ್ಣದರೀ?"

"ವಾಶರ್ ಅಮೋಘಪ್ಪಂದು."

"ಹಾಂ, ಮಾಸ್ತರ್ ಕಾರ್ ಕೆಡಿಸಿದಾಂವಾ? ಪಾಪ," ಎಂದು ಅವನು ಪೆಡಲ್ ತುಳಿದ.

ನೀರಿನ ಕೊಡ ಹೊತ್ತಿದ್ದ ಮಲ್ಲಿಕಾಳಿಗೂ ಅದು ಕೇಳಿಸಿತು. ಮೂವತ್ತು ವರ್ಷ ದುಡಿದ ಮನುಷ್ಯನಿಗೆ ಊರು ಕೊಟ್ಟ ಬಿರುದು ಇದು. ಅಪ್ಪ ಹೋದ ದುಃಖವನ್ನು ಅವಳು ಹೇಗೋ ನುಂಗಿಕೊಂಡಾಳು. ಈ ಹೆಸರನ್ನು ಕಟ್ಟಿಕೊಂಡು ಅವನು ಕುಣಿಗೆ ಇಳಿಯುವುದನ್ನು ಮಾತ್ರ ಸಹಿಸಲಾರಳು. ಮಣ್ಣು ಬೀಳುವ ಮೊದಲು ಮಾಮಾನ ಬಾಯಿಂದ ಒಂದು ಮಾತು ಬರಬೇಕಿತ್ತು, ಆ ಕೆಲಸ ನಂದು, ಅವರದಲ್ಲ ಅಂತ. ಇವತ್ತು ಅವಳಿಗೆ ಬೇಕಾದದ್ದು ಅಷ್ಟೇ.

*

ಆಗ ಗ್ಯಾರೇಜು ಜಗದೇವಪ್ಪ ಸಾವಕಾರರದಾಗಿತ್ತು. ಅಮೋಘಪ್ಪ ಅಲ್ಲಿಯ ದೊಡ್ಡ ಮಿಸ್ತ್ರಿ. ಎಂಥ ಇಂಜಿನ್ನನ್ನಾದರೂ ಬಿಚ್ಚಿ ಜೋಡಿಸುತ್ತಿದ್ದ, ಅದರ ಬಗ್ಗೆ ಜಂಬವಿರಲಿಲ್ಲ. ಜಂಬವಿದ್ದದ್ದು ಎಲ್ಲರೂ ಪೋರರ ಕೆಲಸವೆಂದು ತಿಳಿಯುವ ಆಯಿಲ್ ಬದಲಿಯಲ್ಲಿ.

ಕಾರಿನ ಕೆಳಗೆ ಮಲಗಿ, ಇಂಜಿನ್ ತಳದ ಆಯಿಲ್ ಚೇಂಬರಿನ ಬೋಲ್ಟ್ ಬಿಚ್ಚುತ್ತಿದ್ದ. ಕರಿ ಆಯಿಲ್ ಡಬ್ಬಿಗೆ ಪೂರ್ತಿ ಇಳಿಯುವ ತನಕ ಬೀಡಿ ಸಹ ಸೇದದೆ ಕಾಯುತ್ತಿದ್ದ. ಬೋಲ್ಟಿಗೆ ಅಂಟಿಕೊಂಡಿದ್ದ ಹಳೆಯ ತಾಮ್ರದ ವಾಶರನ್ನು ಉಗುರಿನಿಂದ ಬಿಡಿಸಿ, ಹೊಸದನ್ನು ಏರಿಸಿ, ಬೋಲ್ಟನ್ನು ಕೂರಿಸುತ್ತಿದ್ದ. ಕೊನೆಗೆ ಎದ್ದು ಬಂದು ಆ ಹಳೆಯ ವಾಶರನ್ನು ಬಟ್ಟೆಯಲ್ಲಿ ಒರೆಸಿ ಕಾರಿನವರ ಅಂಗೈಯಲ್ಲಿ ಇಡುತ್ತಿದ್ದ. ಕಲಬುರಗಿಯ ಇನ್ನಾವ ಮಿಸ್ತ್ರಿಗೂ ಈ ಚಾಳಿ ಇರಲಿಲ್ಲ.

"ಇದನ್ನ ತಗೊಂಡು ನಾ ಏನ್ ಮಾಡ್ಲೋ?" ಎಂದು ಜೇವರ್ಗಿ ಕಾಲೋನಿಯ ವಿವೇಕಾನಂದ ಮಾಸ್ತರರು ಮೊದಲ ಸಲ ನಕ್ಕಿದ್ದರು.

"ಏನೂ ಮಾಡಬ್ಯಾಡ್ರಿ ಸರ್. ಹಳೇದು ನಿಮ್ಮ ಕೈಯಾಗದ ಅಂದ್ರ ಹೊಸದು ಗಾಡ್ಯಾಗದ ಅಂತ ಅರ್ಥ. ಇದು ಮೆತ್ತಂದು. ಒಂದ್ ಸಲ ಹಿಚುಕಿದ್ರ ಮುಗೀತು. ಮತ್ತ ಅದನ್ನೇ ಹಾಕಿದ್ರ ಸೋರ್ತದ."

ಮಲ್ಲಿಕಾಳನ್ನು ಕಾಲೇಜಿಗೆ ಸೇರಿಸುವ ದಿನ ಸಾವಕಾರರು ಊರಲ್ಲಿಲ್ಲದ್ದರಿಂದ ಅಮೋಘಪ್ಪ ಅವರಿಗೆ ಹೇಳದೆ ಹೊರಟ. ಹೋಗುವ ಮುನ್ನ ಆಯಿಲ್ ಬದಲಿಗೆ ಬಂದಿದ್ದ ಮಾಸ್ತರರ ಕಾರನ್ನು ತೋರಿಸಿ, ಹೊಸ ವಾಶರಿನ ಡಬ್ಬಿ ಎಲ್ಲಿದೆಯೆಂದು ಮೈದುನನಿಗೆ ಹೇಳಿ ಹೋದ. ಮಾಳಿಂಗ ಆಗ ಕೆಲಸಕ್ಕೆ ಸೇರಿ ಆರು ತಿಂಗಳಾಗಿತ್ತು. ಅದಕ್ಕೂ ಮೊದಲು ಎರಡು ಗ್ಯಾರೇಜಿನವರು ಅವನನ್ನು ಹೊರಗೆ ಹಾಕಿದ್ದರು. ಡಬ್ಬಿ ಗೋಡೆಯ ಮೇಲಿತ್ತು. ಕಾರಿನ ಕೆಳಗಿನಿಂದ ಎದ್ದು ನಾಲ್ಕು ಹೆಜ್ಜೆ ನಡೆಯಬೇಕಿತ್ತು. ಮಾಳಿಂಗ ಏಳಲಿಲ್ಲ. ಹಳೆಯದನ್ನೇ ಮತ್ತೆ ಏರಿಸಿ ಬಿಗಿದ.

ಮಾಸ್ತರರು ಎರಡನೇ ದಿನ ಮಗಳ ನಿಶ್ಚಿತಾರ್ಥಕ್ಕೆಂದು ಮನೆಮಂದಿಯನ್ನೆಲ್ಲ ಕೂರಿಸಿಕೊಂಡು ಹುಮನಾಬಾದಿಗೆ ಹೊರಟರು. ದಾರಿಯುದ್ದಕ್ಕೂ ಆಯಿಲ್ ಸೋರಿತು. ಸ್ಟೇರಿಂಗ್ ಮುಂದೆ ಹೊತ್ತಿದ ಆಯಿಲ್ಲಿನ ಕೆಂಪು ದೀಪ ಬಿಸಿಲಿನಲ್ಲಿ ಯಾರ ಕಣ್ಣಿಗೂ ಬೀಳಲಿಲ್ಲ. ಸರಿಯಾಗಿ ಕಮಲಾಪುರದ ಬಸ್‌ಸ್ಟ್ಯಾಂಡಿನ ಎದುರಿಗೆ ಇಂಜಿನ್ ಕಿರುಚಿ ಜಾಮ್ ಆಯಿತು. ಬಾಳೆಹಣ್ಣು ಮಾರುವವರಿಂದ ಹಿಡಿದು ಬಸ್ಸಿಗೆ ಕಾಯುವವರ ತನಕ ಎಲ್ಲರೂ ಸುತ್ತುಗಟ್ಟಿದರು. ಗಂಡಿನವರು ಸಂಜೆಯ ತನಕ ಕಾದು, ಅಪಶಕುನವೆಂದು ಎದ್ದು ಹೋದರು. ಆ ಸಂಬಂಧ ಮತ್ತೆ ಕೂಡಿಬರಲಿಲ್ಲ.

ಮರುದಿನ ಮಾಸ್ತರರು ಬರುತ್ತಿದ್ದಾರೆಂಬ ಫೋನು ಬಂದಾಗ ಮಾಳಿಂಗ ಗ್ಯಾರೇಜಿನ ಹಿಂದಿದ್ದ ಅಕ್ಕನ ಮನೆಗೆ ಓಡಿ ಬಂದ. ಊಟಕ್ಕೆ ಕೂತಿದ್ದ ಅಮೋಘಪ್ಪ ಎಲ್ಲ ಕೇಳಿ ರೊಟ್ಟಿ ತಾಟಿನಲ್ಲೇ ಬಿಟ್ಟ.

"ನಿಮಗ ಹೆಸರದ ಬಿಡ್ರಿ," ಎಂದಳು ಚಂದಮ್ಮ. "ನೀವು ಮಾಡಿದ್ದಂದ್ರ ಸಾವಕಾರ್ರು ಒಂದ್ ಮಾತು ಬೈದು ಸುಮ್ಮನಾಗ್ತಾರ. ಅಂವಾ ಅಂದ್ರ ಇವತ್ತೇ ಹೊರಗ ಹಾಕ್ತಾರ. ಮುಂದಿನ ತಿಂಗಳು ಅವನ ಮದುವಿ ಅದ. ನೌಕರಿ ಇಲ್ಲಂದ್ರ ಹೆಣ್ಣು ಕೊಡ್ತಾರೇನು? ನನ್ನ ತವರು ಹಾಳಾಗಿ ಹೋಗ್ತದ."

"ಡಬ್ಬಿ ತೋರಿಸಿ ಹೋಗಿದ್ದೆ ಚಂದಾ."

"ನಾ ನಿಮ್ಮ ಕಾಲಿಗೆ ಬೀಳ್ತೀನಿ."

ಅವಳು ಬಿದ್ದೂ ಬಿಟ್ಟಳು. ಹೊಸ ಪುಸ್ತಕಗಳಿಗೆ ರಟ್ಟು ಹಾಕುತ್ತ ಕೂತಿದ್ದ ಮಲ್ಲಿಕಾ ಅದನ್ನೆಲ್ಲ ನೋಡಿದಳು. ಅರ್ಧ ತಾಸಿನ ನಂತರ ಗ್ಯಾರೇಜಿನ ಅಂಗಳದಲ್ಲಿ ಮಾಸ್ತರರು ಅಪ್ಪನ ಕೆನ್ನೆಗೆ ಹೊಡೆದ ಸಪ್ಪಳ ಮನೆಯ ಬಾಗಿಲ ತನಕ ಕೇಳಿಸಿತು. ಬೈದು ಸುಮ್ಮನಾಗುವ ಜಾತಿಯವರಾಗಿರಲಿಲ್ಲ ಸಾವಕಾರರು. ಅವತ್ತೇ ಅಮೋಘಪ್ಪನ ಕೈಯಿಂದ ಬೋಲ್ಟ್ ಬಿಚ್ಚುವ ಪಾನಾ ಕಸಿದು ನೀರಿನ ಪೈಪು ಕೊಟ್ಟರು. ಆ ಪಾನಾ ಮಾಳಿಂಗನ ಕೈಗೆ ಹೋಯಿತು. ಮುಂದೆ ಸಾವಕಾರರಿಗೆ ವಯಸ್ಸಾದಾಗ ಗ್ಯಾರೇಜೂ ಅವನಿಗೇ ಹೋಯಿತು, ಹಿಂದಿದ್ದ ಮನೆಯ ಸಮೇತ.

*

ಹೆಣಕ್ಕೆ ಹೊಸ ಧೋತರ ಉಡಿಸಿ ಹಣೆಗೆ ಅರಿಶಿನದ ಭಂಡಾರ ಹಚ್ಚುತ್ತಿರುವಾಗ ಮಲ್ಲಿಕಾ ವ್ಯಾನಿನ ಹತ್ತಿರ ಹೋದಳು. ಮಾಳಿಂಗ ತವರಿನ ಕಡೆಯಿಂದ ಅಕ್ಕನಿಗೆ ತಂದ ಸೀರೆಯನ್ನು ಚೀಲದಿಂದ ತೆಗೆಯುತ್ತಿದ್ದ.

"ಮಾಮಾ, ಇವತ್ತಾದ್ರೂ ಹೇಳು."

"ಏನ್ ಹೇಳ್ಲಿ?"

"ಏನಂತ ನಿನಗ ಗೊತ್ತದ. ಊರ ಮಂದಿ ಏನಂತ ಕರೀತಾರ ಕೇಳಿದಿಯಲ್ಲ."

ಮಾಳಿಂಗ ಸುತ್ತ ನೋಡಿದ. "ಸತ್ತ ಮನ್ಯಾಗ ಇದೆಲ್ಲ ಯಾಕ ತಗೀತಿ? ಮುಗದ ಕತಿ ಅದು."

"ಮುಗದಿಲ್ಲ. ನೀ ಹೇಳದಿದ್ರ ನಾ ಹೇಳಾಕಿನೇ."

ಅವನು ಸೀರೆಯ ಮಡಿಕೆ ಸರಿಮಾಡಿದ. ಕಣ್ಣಲ್ಲಿ ನೀರೂ ತಂದುಕೊಂಡ. ಆ ಕಲೆಯಲ್ಲಿ ಅವನು ನಿಜಕ್ಕೂ ದೊಡ್ಡ ಮಿಸ್ತ್ರಿ. "ಆತವ್ವಾ. ಹೊಲದಾಗ ಎಲ್ಲರ ಮುಂದ ನಾಕು ಮಾತು ಹೇಳ್ತೀನಿ. ಮಾವ ನನಗ ಮಾಡಿದ್ದು ನಾ ಮರ್ತಿಲ್ಲ," ಎಂದ.

ಮಲ್ಲಿಕಾ ನಂಬಿದಳು. ನಂಬುವುದು ಬಿಟ್ಟರೆ ಬೇರೆ ದಾರಿ ಇರಲಿಲ್ಲ.

ಮೆರವಣಿಗೆ ಹೊರಡುವ ಹೊತ್ತಿಗೆ ಕಲಬುರಗಿಯಿಂದ ಬಸ್ಸಿನಲ್ಲಿ ವಿವೇಕಾನಂದ ಮಾಸ್ತರರು ಬಂದಿಳಿದರು. ಬೆನ್ನು ಬಾಗಿತ್ತು. ಕೈಯಲ್ಲಿ ಸಾಲಿ ಹುಡುಗರ ಹಳೆಯ ಕಂಪಾಸ್ ಪೆಟ್ಟಿಗೆಯೊಂದಿತ್ತು. ಹೂವಿನ ಹಾರ ಹಾಕಿ ಬಂದು ಮಲ್ಲಿಕಾಳ ಪಕ್ಕದಲ್ಲಿ ನಡೆಯುತ್ತ ಅವರು ಆ ಪೆಟ್ಟಿಗೆಯನ್ನು ಅವಳ ಕೈಗೆ ಕೊಟ್ಟರು. ಒಳಗೆ ತಾಮ್ರದ ಹಳೆಯ ವಾಶರುಗಳಿದ್ದವು.

"ನಿಮ್ಮಪ್ಪ ಕೊಟ್ಟಿದ್ದವು. ಏಳು ವರ್ಷದ್ದು, ಹದಿನಾಕು ಅದಾವ. ಯಾಕೋ ಒಗೀಲಿಕ್ಕೆ ಮನಸಾಗಲಿಲ್ಲ," ಎಂದರು. ಪೆಟ್ಟಿಗೆಯತ್ತ ಕೈ ಮಾಡಿ ಮತ್ತೆ ಹೇಳಿದರು, "ಆ ಸಲದ್ದು ಇದರಾಗ ಇಲ್ಲವ್ವಾ. ಆ ಸಲ ನನ್ನ ಕೈಯಾಗ ಯಾರೂ ಏನೂ ಇಡಲಿಲ್ಲ."

ಮಲ್ಲಿಕಾ ನಿಂತುಬಿಟ್ಟಳು. "ಅಂದ್ರ ನಿಮಗ ಗೊತ್ತಿತ್ತು?"

"ಹೊಡದ ಕೈ ಕೆಳಗ ಇಳಿಯೋದ್ರಾಗ ಗೊತ್ತಾತು. ಇಂವಾ ಮಾಡಿದ್ರ ಹಳೇದು ನನ್ನ ಕೈಗೆ ಬರ್ತಿತ್ತಲ್ಲ ಅಂತ."

"ಮತ್ತ ಯಾಕ ಹೇಳಲಿಲ್ರೀ ಸರ್?"

"ಮೂವತ್ತು ವರ್ಷ ಸಾಲಿ ಕಲಿಸಿದಾಂವ ನಾ. ಅಷ್ಟು ಮಂದಿ ಮುಂದ ಹೊಡದು, ಅವರ ಮುಂದನೇ ತಪ್ಪಾತು ಅನ್ನಾಕ ಬಾಯಿ ಬರಲಿಲ್ಲ."

ಅವಳಿಗೆ ಅವರ ಕೊರಳಪಟ್ಟಿ ಹಿಡಿದು ಅಲ್ಲಾಡಿಸಬೇಕೆನಿಸಿತು. ಒಂಬತ್ತು ವರ್ಷ ಈ ಮನುಷ್ಯ ಒಂದು ಪೆಟ್ಟಿಗೆ ಕಾಯ್ದುಕೊಂಡು ಕೂತಿದ್ದ. ಆದರೂ ತಡೆದುಕೊಂಡಳು. ಸಾಕ್ಷಿಯಾದರೂ ಒಬ್ಬ ಸಿಕ್ಕನಲ್ಲ ಎನಿಸಿತು.

"ಈಗ ಹೇಳ್ರಿ. ಹೊಲದಾಗ ಎಲ್ಲರೂ ಇರ್ತಾರ," ಎಂದು ಪೆಟ್ಟಿಗೆಯನ್ನು ಅವರ ಕೈಗೇ ತಿರುಗಿ ಕೊಟ್ಟಳು. ಮಾಸ್ತರರು ನೆಲ ನೋಡಿಕೊಂಡು ತಲೆಯಾಡಿಸಿದರು.

ರೇವಣನ ಹೊಲದ ಬದುವಿನಲ್ಲಿ, ಬಾಳೆಯ ಸಾಲು ಮುಗಿಯುವಲ್ಲಿ ಕುಣಿ ತೋಡಿದ್ದರು. ಅಮೋಘಪ್ಪನನ್ನು ಇಳಿಸಿ ಮಲಗಿಸಿದರು. ಹಿರಿಯರು ಭಂಡಾರ ತೂರಿದರು. ಇನ್ನು ಮಣ್ಣು ಹಾಕಬೇಕೆನ್ನುವಾಗ ಮಾಳಿಂಗ ಕೈಯೆತ್ತಿ ಎಲ್ಲರನ್ನೂ ನಿಲ್ಲಿಸಿದ. ಮಲ್ಲಿಕಾ ಜನರನ್ನು ಸರಿಸಿ ಮುಂದೆ ಬಂದಳು.

"ನಮ್ಮ ಮಾವ ದೇವರಂಥ ಮನುಷ್ಯ ಇದ್ರು," ಎಂದು ಮಾಳಿಂಗ ಶುರುಮಾಡಿದ. "ನನಗ ಕೆಲಸ ಕಲಿಸಿದವರು ಅವರೇ. ಮನುಷ್ಯ ಅಂದ ಮ್ಯಾಲ ಒಂದ್ ತಪ್ಪು ಆಗ್ತದ. ಅವರ ಕೈಲೂ ಆತು, ನಿಮಗೆಲ್ಲ ಗೊತ್ತಿದ್ದದ್ದೇ. ಊರು ನಕ್ಕಿತು. ಯಾವ ಗ್ಯಾರೇಜಿನವರೂ ಒಳಗ ಕರೀಲಿಲ್ಲ. ಆದ್ರ ನಾ ಕೈ ಬಿಡಲಿಲ್ಲ. ಕಡೀ ದಿನದ ತನಕ ನನ್ನಲ್ಲೇ ಇಟ್ಕೊಂಡೆ. ಇನ್ನ ಮ್ಯಾಲ ನಮ್ಮ ಅಕ್ಕನ್ನೂ ನಾನೇ ನೋಡ್ಕೋತೀನಿ."

"ಭಪ್ಪರೆ," ಎಂದ ಗುಂಪಿನಲ್ಲೊಬ್ಬ.

"ಸುಳ್ಳು!" ಮಲ್ಲಿಕಾಳ ದನಿ ಅವಳಿಗೇ ಗುರುತು ಸಿಗದಷ್ಟು ಗಟ್ಟಿಯಾಗಿತ್ತು. "ಆವತ್ತು ಅಪ್ಪ ಗ್ಯಾರೇಜಿನಾಗ ಇರಲೇ ಇಲ್ಲ. ನನ್ನ ಕಾಲೇಜಿಗೆ ಬಂದಿದ್ರು, ನನ್ನ ಜೋಡಿ ಇದ್ರು. ಮಾಸ್ತರ್ ಕಾರಿಗೆ ಹಳೇ ವಾಶರ್ ಹಾಕಿದಾಂವ ಇಂವಾ. ಕೇಳ್ರಿ, ನಮ್ಮವ್ವಗ ಕೇಳ್ರಿ!"

ಎಲ್ಲರೂ ಚಂದಮ್ಮನ ಕಡೆ ತಿರುಗಿದರು. ಅವಳ ಹೆಗಲ ಮೇಲೆ ತಮ್ಮ ಹೊದಿಸಿದ ಸೀರೆ ಇತ್ತು, ಮಡಿಕೆ ಸಹ ಬಿಚ್ಚಿರಲಿಲ್ಲ. ಅವಳು ಒಮ್ಮೆ ಕುಣಿಯೊಳಗೆ ನೋಡಿದಳು. ಆಮೇಲೆ ತಮ್ಮನನ್ನು ನೋಡಿದಳು.

"ಆಕಿ ಮಾತು ಹಿಡೀಬ್ಯಾಡ್ರಿ," ಎಂದಳು. "ಅಪ್ಪ ಹೋದ ಸಂಕಟಕ್ಕ ಬಾಯಿಗೆ ಬಂದದ್ದು ಅನ್ನಾಕತ್ತಾಳ. ಆವತ್ತು ಅವರು ಗ್ಯಾರೇಜಿನಾಗೇ ಇದ್ರು. ಹಳೇ ವಾಶರ್ ಹಾಕಿದವರು ಅವರೇ."

ಗಂಡನ ಮುಖ ಇನ್ನೂ ಕಾಣುತ್ತಿತ್ತು. ಅದರ ಮೇಲೆ ಒಂದು ಹಿಡಿ ಮಣ್ಣೂ ಬಿದ್ದಿರಲಿಲ್ಲ.

ಮಲ್ಲಿಕಾ ಮಾಸ್ತರರನ್ನು ಹುಡುಕಿದಳು. ಅವರು ಹಿಂದಿನ ಸಾಲಿನಲ್ಲಿ ನಿಂತು ಕಂಪಾಸ್ ಪೆಟ್ಟಿಗೆಯ ಮುಚ್ಚಳ ತೆಗೆದರು, ಮುಚ್ಚಿದರು, ಮತ್ತೆ ತೆಗೆದರು. ಬಾಯಿ ಮಾತ್ರ ತೆರೆಯಲಿಲ್ಲ. "ಹೊತ್ತಾಗ್ತದ, ಮಣ್ಣು ಹಾಕ್ರಿ," ಎಂದರು ಯಾರೋ. ರೇವಣ ಮಲ್ಲಿಕಾಳ ತೋಳು ಹಿಡಿದು ಮೆಲ್ಲಗೆ ಪಕ್ಕಕ್ಕೆ ಸರಿಸಿದ. ಮೊದಲ ಹಿಡಿ ಮಾಳಿಂಗನೇ ಹಾಕಿದ, ಗಂಡುಮಕ್ಕಳಿಲ್ಲದ ಮನೆ ಎಂದು.

*

ಎಲ್ಲ ಮುಗಿದು ಜನ ಚದುರುವಾಗ ಬಿಸಿಲು ನೆತ್ತಿಗೇರಿತ್ತು. ಹೊಲದ ದಾರಿಯಲ್ಲಿ ನಿಲ್ಲಿಸಿದ್ದ ವ್ಯಾನಿನ ಮುಂದಿನ ಸೀಟಿನಲ್ಲಿ ಕೂರಲು ಚಂದಮ್ಮ ಬಂದಳು. ಮಲ್ಲಿಕಾ ವ್ಯಾನ್ ಹತ್ತುವುದಿಲ್ಲವೆಂದು ಅಷ್ಟು ದೂರದಲ್ಲೇ ನಿಂತಳು.

"ನಾ ಇನ್ನ ಎಲ್ಲಿ ಇರ್ಲೇ?" ಎಂದಳು ಚಂದಮ್ಮ ಮಗಳ ಮುಖ ನೋಡದೆ. "ಮನಿ ಅವಂದು. ಸತ್ತವರಿಗೆ ಹೆಸರು ತಗೊಂಡು ಏನಾಗ್ಬೇಕಾಗ್ಯದ?"

ಮಲ್ಲಿಕಾ ವ್ಯಾನಿನ ಕೆಳಗೆ ನೋಡುತ್ತಿದ್ದಳು. ಚಂದಮ್ಮನೂ ಬಗ್ಗಿ ಅತ್ತ ನೋಡಿದಳು.

ಇಂಜಿನ್ನಿನ ಕೆಳಗೆ, ಒಣಗಿದ ಮಣ್ಣಿನ ಮೇಲೆ, ಅಂಗೈಯಗಲ ಹಸಿ ಆಯಿಲ್ ಕಲೆಯಿತ್ತು.

ಕೀಲಿ ತಿರುವುತ್ತ ಬಂದ ಮಾಳಿಂಗ ಇಬ್ಬರನ್ನೂ ನೋಡಿ ತಾನೂ ಬಗ್ಗಿದ. ಅವನು ಚಪ್ಪಲಿಯ ತುದಿಯಿಂದ ಒಂದಿಷ್ಟು ಮಣ್ಣು ಎಳೆದು ಕಲೆಯ ಮೇಲೆ ಹಾಕಿ ತುಳಿದ. "ಹತ್ತು ಅಕ್ಕಾ, ಬಿಸಿಲಾತು," ಎಂದ.

ಚಂದಮ್ಮ ಹತ್ತಲಿಲ್ಲ. ಅವನು ಮುಚ್ಚಿದ ಮಣ್ಣಿನ ಮೇಲೆ ಮೇಲಿನಿಂದ ಒಂದು ಹನಿ ಬಿತ್ತು. ಸ್ವಲ್ಪ ಹೊತ್ತಿಗೆ ಇನ್ನೊಂದು ಬಿತ್ತು.